ಸ್ವಾಲಾ ಮುಳುಗಿದ ಜಾಗ

ಸಂದ್ವಿಕ್‌ನಲ್ಲಿ ಮೀನಿನ ಬಲೆಗೆ ಅದನ್ನು ತೇಲಿಸುವ ಮರದ ಬೆಂಡು ಕಟ್ಟುವ ಹೆಂಗಸರು ಬೇಕಾದಷ್ಟು ಜನ ಇದ್ದರು. ಆದರೆ ಹಾಲ್ದೋರಾ ಕಟ್ಟಿದ ಬೆಂಡು ಮಾತ್ರ ಬಲೆ ಹರಿದು ಚಿಂದಿಯಾದರೂ ಹಗ್ಗ ಬಿಡುತ್ತಿರಲಿಲ್ಲ. ಅವಳು ಎಡಗೈಯವಳು. ಬೇರೆಯವರ ಗಂಟು ಬಲಕ್ಕೆ ಸುತ್ತಿದರೆ ಅವಳದು ಎಡಕ್ಕೆ ಸುತ್ತುತ್ತಿತ್ತು. ಶಾಲೆಯಲ್ಲಿ ಆ ಕೈಗೆ ಪೆಟ್ಟು ತಿಂದು ತಿಂದು ಬಲಗೈಯಲ್ಲಿ ಬರೆಯುವುದನ್ನು ಕಲಿತಿದ್ದಳು ನಿಜ, ಬಲೆಯ ಕೆಲಸದಲ್ಲಿ ಮಾತ್ರ ಯಾರ ಮಾತನ್ನೂ ಕೇಳಲಿಲ್ಲ. "ಮೀನಿಗೇನು ಗೊತ್ತು ಎಡ ಬಲ?" ಎನ್ನುತ್ತಿದ್ದಳು. ಅವಳ ನಾಲಿಗೆಯೂ ಅಷ್ಟೇ, ಯಾವ ಕಡೆಯಿಂದ ಸುತ್ತಿ ಬಂದು ಬಿಗಿಯುತ್ತದೆ ಎಂದು ಹೇಳುವ ಹಾಗಿರಲಿಲ್ಲ.

ಊರಿಗೆ ಅವಳ ಬಗ್ಗೆ ಗೊತ್ತಿದ್ದ ಇನ್ನೊಂದು ಸಂಗತಿ, ಗಂಡ ಬಿಟ್ಟು ಹೋದವಳು ಎಂಬುದು. ಯಾರೂ ಅದನ್ನು ಎದುರಿಗೆ ಆಡುತ್ತಿರಲಿಲ್ಲ. ಅಷ್ಟರ ಮಟ್ಟಿಗೆ ನಮ್ಮೂರು ಮರ್ಯಾದಸ್ಥರ ಊರು. ಅವಳು ಬೆನ್ನು ತಿರುಗಿಸುವವರೆಗೆ ಕಾಯುತ್ತಿದ್ದರು.

ಗಂಡನ ಹೆಸರು ಐವಿಂದ್. ದೋಣಿಯ ಹೆಸರು ಸ್ವಾಲಾ. ಹಸಿರು ಬಣ್ಣದ ದೋಣಿ. ಮೇಲೆ ಹಲಗೆ ಮುಚ್ಚಿ, ಹಿಂಭಾಗದಲ್ಲಿ ಒಬ್ಬರು ನಿಂತು ಚುಕ್ಕಾಣಿ ಹಿಡಿಯುವಷ್ಟು ಪುಟ್ಟ ಕೋಣೆ ಕಟ್ಟಿದ್ದರು. ೧೯೩೪ರ ಅಕ್ಟೋಬರಿನಲ್ಲಿ, ನೀರು ಹೆಪ್ಪುಗಟ್ಟುವ ಮೊದಲಿನ ಕೊನೆಯ ಮೀನಿಗೆಂದು ಅವನು ಬೆಳಿಗ್ಗೆ ಹೊರಟ. ಯಾವಾಗಲೂ ಜೊತೆಗೆ ಹೋಗುತ್ತಿದ್ದವನು ಹಾಲ್ದೋರಾಳ ಅಣ್ಣ ಕೆತಿಲ್. ಆ ದಿನ ಅವನಿಗೆ ಹಲ್ಲುನೋವು ಬಂದು ಕೆನ್ನೆ ಬ್ರೆಡ್ಡಿನಂತೆ ಉಬ್ಬಿತ್ತು. ಐವಿಂದ್ ಒಬ್ಬನೇ ಹೋದ. ಮಧ್ಯಾಹ್ನಕ್ಕೆ ಉತ್ತರದ ಗಾಳಿ ಎದ್ದಿತು. ಆಮೇಲೆ ಸ್ವಾಲಾವನ್ನು ಯಾರೂ ನೋಡಲಿಲ್ಲ.

ವಿನ್ನಿಪೆಗ್ ಸರೋವರವನ್ನು ನಾವು ಸರೋವರ ಎನ್ನುವುದಿಲ್ಲ, ಸುಮ್ಮನೆ 'ನೀರು' ಎನ್ನುತ್ತೇವೆ. ಅದನ್ನು ಸಮುದ್ರದ ಜೊತೆ ಹೋಲಿಸಿ ನಗುವವರು ಒಮ್ಮೆ ಅದರ ಮೇಲೆ ಹೋಗಿ ಬರಬೇಕು. ಆಳ ಕಡಿಮೆ, ಅದೇ ಅದರ ಕೇಡು. ಗಾಳಿ ಎದ್ದರೆ ಅಲೆಗಳು ಗಿಡ್ಡವಾಗಿ, ಕಡಿದಾಗಿ, ಒಂದರ ಬೆನ್ನಿಗೊಂದು ಬರುತ್ತವೆ. ಒಂದರಿಂದ ಏಳುವಷ್ಟರಲ್ಲಿ ಇನ್ನೊಂದು ತಲೆಯ ಮೇಲಿರುತ್ತದೆ. ನಮ್ಮ ಅಜ್ಜಂದಿರ ಕಾಲದಿಂದ ಮರದ ದಿಮ್ಮಿ ಹೊತ್ತ ಉಗಿಹಡಗುಗಳು, ಮೀನು ಹೊತ್ತವು, ಜನ ಹೊತ್ತವು, ಎಲ್ಲವನ್ನೂ ಅದು ತಿಂದಿದೆ. ಎಲುಬು ಕೂಡ ಉಗುಳುವುದಿಲ್ಲ, ನೀರು ಕೆಸರು ಬಣ್ಣದ್ದು, ಒಂದು ಮಾರಿನ ಕೆಳಗೆ ಕಣ್ಣಿಗೆ ಏನೂ ಕಾಣದು.

ಹಾಗಿದ್ದರೆ ಸ್ವಾಲಾ ಮುಳುಗಿತು ಎಂದು ಎಲ್ಲರೂ ಒಪ್ಪಿಕೊಳ್ಳಬೇಕಿತ್ತಲ್ಲ? ಮೊದಲ ವಾರ ಒಪ್ಪಿಕೊಂಡಿದ್ದರು. ಆಮೇಲೆ ಸೆಲ್ಕರ್ಕ್ ಪೇಟೆಯಿಂದ ಸುದ್ದಿ ಬಂತು. ಅಲ್ಲಿ ಮೀನು ಇಳಿಸುವವರು ಉಣ್ಣುವ ಹೋಟೆಲಿನ ಅಡುಗೆಮನೆಯ ಹುಡುಗಿಯೊಬ್ಬಳು ಅದೇ ವಾರ ಹೇಳದೆ ಕೇಳದೆ ಕಾಣೆಯಾಗಿದ್ದಳು. ಐವಿಂದ್ ಅವಳ ಜೊತೆ ನಗುನಗುತ್ತಾ ಮಾತಾಡಿದ್ದನ್ನು ಒಬ್ಬ ನೋಡಿದ್ದ. ಐವಿಂದ್ ಎಲ್ಲರ ಜೊತೆಗೂ ನಗುನಗುತ್ತಲೇ ಮಾತಾಡುವವನು. ಆದರೆ ಊರ ಬಾಯಿಗೆ ಹೊಲಿಗೆ ಹಾಕುವವರು ಯಾರು?

ಅದೂ ಸಾಲದೆಂಬಂತೆ ಕನಸು ಬೀಳಲಿಲ್ಲ.

ನೀರಿನಲ್ಲಿ ಸತ್ತವನು ಮನೆಯವರ ಕನಸಿಗೆ ಬಂದೇ ಬರುತ್ತಾನೆ ಎಂಬುದು ನಮ್ಮವರ ನಂಬಿಕೆ. ತೊಯ್ದ ಬಟ್ಟೆಯಲ್ಲೇ ಬಂದು, ಬಾಗಿಲ ಬಳಿ ನಿಂತು, ನೆಲದ ಮೇಲೆ ನೀರು ತೊಟ್ಟಿಕ್ಕಿಸುತ್ತಾನೆ. ಐಸ್‌ಲ್ಯಾಂಡಿನಿಂದ ವಲಸೆ ಬರುವಾಗ ನಮ್ಮ ಅಜ್ಜಿಯರು ಬೈಬಲ್ಲನ್ನೂ ಈ ನಂಬಿಕೆಯನ್ನೂ ಒಂದೇ ಪೆಟ್ಟಿಗೆಯಲ್ಲಿ ಹಾಕಿಕೊಂಡು ಬಂದರು, ಎರಡನ್ನೂ ಸಮನಾಗಿ ನಂಬಿದರು. ಹಾಲ್ದೋರಾಳ ಅಮ್ಮನಿಗೆ ತನ್ನ ತಂದೆ ಹಾಗೆ ಬಂದಿದ್ದ. ನೆರೆಮನೆಯಾಕೆ ಓಲೋಫ್‌ಗೆ ಅವಳ ಇಬ್ಬರು ತಮ್ಮಂದಿರೂ ಒಟ್ಟಿಗೇ ಬಂದಿದ್ದರು, ಒಬ್ಬನ ಕಾಲಲ್ಲಿ ಬೂಟು ಇರಲಿಲ್ಲವಂತೆ.

ಹಾಲ್ದೋರಾ ಆಗ ಐದು ತಿಂಗಳ ಬಸುರಿ. ಕಾಯ್ದಳು. ಸಂಜೆ ಆಗುತ್ತಲೇ ಮಲಗಿ, ಬಾ ಮಾರಾಯ, ಬಂದು ಹೇಳಿ ಹೋಗು ಎಂದು ದಿಂಬಿಗೆ ಹೇಳಿಕೊಂಡಳು. ಕನಸಿಗೆ ಹಸು ಬಂತು, ಆಲೂಗಡ್ಡೆ ಗದ್ದೆ ಬಂತು, ಸತ್ತು ಎಷ್ಟೋ ವರ್ಷವಾಗಿದ್ದ ಶಾಲೆಯ ಮೇಷ್ಟ್ರು ಸಹ ಬಂದರು. ಐವಿಂದ್ ಬರಲಿಲ್ಲ.

"ಕನಸು ಬಿತ್ತಾ, ದೋರಾ?" ಎಂದು ಕೆತಿಲ್ ಆಗಲೂ, ಆಮೇಲೆ ಎಷ್ಟೋ ವರ್ಷವೂ ಬಂದಾಗಲೆಲ್ಲ ಕೇಳುತ್ತಿದ್ದ.

"ಇಲ್ಲ ಅಣ್ಣ."

"ಹೂಂ..." ಎಂದು ಅವನು ಟೋಪಿಯ ಅಂಚನ್ನು ತಿರುಗಿಸುತ್ತಾ ಕೂರುತ್ತಿದ್ದ.

ಆ 'ಹೂಂ' ಎಂಬುದರಲ್ಲಿ ಎಲ್ಲವೂ ಇತ್ತು. ಮಾರ್ಚಿನಲ್ಲಿ ಲಿಲ್ಯಾ ಹುಟ್ಟಿದಳು. ಅಷ್ಟರಲ್ಲಿ ಹಾಲ್ದೋರಾ ತೀರ್ಮಾನಕ್ಕೆ ಬಂದಾಗಿತ್ತು. ಸತ್ತಿದ್ದರೆ ಬರುತ್ತಿದ್ದ, ಬಂದಿಲ್ಲ, ಅಂದರೆ ಬದುಕಿದ್ದಾನೆ, ಎಲ್ಲೋ ಒಣ ಬಟ್ಟೆ ಹಾಕಿಕೊಂಡು ಆ ಹುಡುಗಿಯ ಕೈಯಡುಗೆ ತಿನ್ನುತ್ತಿದ್ದಾನೆ. ಅವನ ಭಾನುವಾರದ ಕೋಟನ್ನು ದಾರಿಹೋಕನೊಬ್ಬನಿಗೆ ಕೊಟ್ಟುಬಿಟ್ಟಳು. ಮದುವೆಯ ಫೋಟೋವನ್ನು ಕೋಳಿಗೂಡಿನ ಕಿಂಡಿಗೆ ಅಡ್ಡವಾಗಿ ಇಟ್ಟಳು. ಪ್ರತಿದಿನ ಬೆಳಿಗ್ಗೆ ಮೊದಲ ಲೋಟ ಕಾಫಿ ಬಗ್ಗಿಸುವಾಗ ಅವನನ್ನು ಬೈಯುವುದು ಅವಳಿಗೆ ರೂಢಿಯಾಯಿತು. ಸಕ್ಕರೆ ಗಡ್ಡೆ ಹಲ್ಲಿನ ನಡುವೆ ಇಟ್ಟುಕೊಂಡೇ, "ನಿನ್ನ ಕರುಳು ಕೊಳೆಯ" ಎನ್ನುವಳು. ಆಮೇಲೆ ದಿನದ ಕೆಲಸ ಶುರು.

ಮಗು ಸಹ ಅದನ್ನೇ ಕೇಳಿ ಬೆಳೆಯಿತು. ಲಿಲ್ಯಾಗೆ ಆರು ವರ್ಷವಾದಾಗ ಶಾಲೆಯಲ್ಲಿ ಯಾರೋ ಅಪ್ಪ ಎಲ್ಲಿ ಎಂದು ಕೇಳಿದ್ದಕ್ಕೆ, "ನಮ್ಮಪ್ಪ ಕರುಳು ಕೊಳೆತವನು" ಎಂದು ಹೇಳಿ ಬಂದಿದ್ದಳು. ಊರೆಲ್ಲ ನಕ್ಕಿತು. ಹಾಲ್ದೋರಾ ಕೂಡ ನಕ್ಕಳು, ಆಮೇಲೆ ಹಸುವಿನ ಕೊಟ್ಟಿಗೆಗೆ ಹೋಗಿ ಅತ್ತಳು.

ಬೆನ್ನಿಗೆ ನಿಂತವನು ಅಣ್ಣ. ಅದನ್ನು ಇಲ್ಲವೆನ್ನಲಾಗದು. ಚಳಿಗಾಲಕ್ಕೆ ಸೌದೆ ಒಡೆದು ಹಾಕಿದ, ಮಾಡು ಸೋರಿದರೆ ಹತ್ತಿದ, ಲಿಲ್ಯಾಳನ್ನು ಹೆಗಲ ಮೇಲೆ ಕೂರಿಸಿಕೊಂಡು ಕುರಿ ತೋರಿಸಿದ. ಬರಗೆಟ್ಟ ಆ ವರ್ಷಗಳಲ್ಲಿ ಅರ್ಧ ಊರು ಆಲೂಗಡ್ಡೆ ಸಿಪ್ಪೆಯ ಗಂಜಿ ಕುಡಿಯುತ್ತಿದ್ದಾಗ ಹಾಲ್ದೋರಾಳ ಮನೆಯಲ್ಲಿ ಪಿಕ್ಕರೆಲ್ ಮೀನು ಬಾಣಲೆಯಲ್ಲಿ ಚುರುಗುಟ್ಟುತ್ತಿತ್ತು. ಪ್ರತಿ ಶರತ್ಕಾಲ ಕೆತಿಲ್ ಮೊದಲ ಪೆಟ್ಟಿಗೆ ತಂದು ಅವಳ ಮೆಟ್ಟಿಲ ಮೇಲೆ ಇಳಿಸುತ್ತಿದ್ದ. ದಪ್ಪ ದಪ್ಪ ಮೀನು, ಹೊಳೆಯುವ ಕಣ್ಣು. ಇಷ್ಟು ಮೀನು ಅವನಿಗೆ ಎಲ್ಲಿ ಸಿಗುತ್ತದೆ ಎಂದು ಊರಿಗೇ ಸೋಜಿಗ. ಕೇಳುವವರು ಮಾತ್ರ ಯಾರೂ ಇಲ್ಲ. ಹೆಂಗಸಿನ ವಯಸ್ಸನ್ನೂ ಮೀನುಗಾರನ ಜಾಗವನ್ನೂ ಕೇಳಬಾರದು ಎಂಬುದು ಸಂದ್ವಿಕ್‌ನ ಕಟ್ಟಳೆ. ಒಬ್ಬ ಬಲೆ ಹಾಕುವ ಕಡೆಗೆ ಇನ್ನೊಬ್ಬ ತಪ್ಪಿಯೂ ದೋಣಿ ತಿರುಗಿಸುವುದಿಲ್ಲ, ತಿರುಗಿಸಿದರೆ ಕಾಫಿಗೆ ಕರೆಯುವವರಿಲ್ಲ.

"ದೋರಾ, ಗಾಳಿ ಒಂದು ಬಲೆ ನುಂಗ್ತು. ಇನ್ನೊಂದು ಕಟ್ಟಿಕೊಡು" ಎಂದು ಅವನು ಪ್ರತಿ ವರ್ಷವೂ ಬರುತ್ತಿದ್ದ.

"ಊರಲ್ಲಿ ಯಾರ ಬಲೇನೂ ಬೇಡ, ನಿನ್ನ ಬಲೇನೇ ಬೇಕಲ್ಲ ಗಾಳಿಗೆ! ನಿನ್ನ ಮೇಲೆ ಮನಸ್ಸಾಗಿದೆ ಅದಕ್ಕೆ."

"ಆಗ್ಲಿ ಬಿಡು. ಹೆಂಡತಿ ಹೇಗೂ ಬೈತಾಳೆ, ಗಾಳಿನಾದ್ರೂ ಇಷ್ಟಪಡ್ಲಿ."

ಇಬ್ಬರೂ ನಗುತ್ತಿದ್ದರು. ಅವಳು ಹೊಸ ಬಲೆಗೆ ಬೆಂಡು ಕಟ್ಟಿ, ತುದಿಯ ಬೆಂಡಿಗೆ ಕಾದ ಮೊಳೆಯಿಂದ ಮೂರು ಗೀಟು ಸುಡುತ್ತಿದ್ದಳು. ಅದು ಕೆತಿಲ್‌ನ ಗುರುತು. ಬಿರುಗಾಳಿಗೆ ಬಲೆ ತೇಲಿಹೋದರೆ ಸಿಕ್ಕವರು ತಂದುಕೊಡಲಿ ಎಂದು ಪ್ರತಿ ಮನೆಗೂ ಒಂದೊಂದು ಗುರುತು ಇರುತ್ತದೆ. ಕೆತಿಲ್‌ನ ಕಳೆದುಹೋದ ಬಲೆಯನ್ನು ಮಾತ್ರ ಯಾರೂ ಎಂದೂ ತಂದುಕೊಡಲಿಲ್ಲ. ಅವಳು ಅದರ ಬಗ್ಗೆ ಯೋಚಿಸಲೂ ಇಲ್ಲ. ಅಣ್ಣನ ಬಗ್ಗೆ ಯಾರು ಯೋಚಿಸುತ್ತಾರೆ?

ಎರಡನೇ ಮಹಾಯುದ್ಧ ನಡೆಯುತ್ತಿದ್ದ ವರ್ಷಗಳಲ್ಲಿ ಗ್ರೀಮ್ ಎಂಬ ಬಡಗಿ ಊರಿಗೆ ಬಂದ. ದೋಣಿಗಳಿಗೆ ಹಲಗೆ ಜೋಡಿಸುವವನು, ಮಾತು ಕಡಿಮೆ, ಲಿಲ್ಯಾಗೆ ಒಂದು ಪುಟ್ಟ ಜಾರುಗಾಡಿ ಮಾಡಿಕೊಟ್ಟ. ಹಾಲ್ದೋರಾಳ ಅಡುಗೆಮನೆಯಲ್ಲಿ ಕಾಫಿ ಕುಡಿಯುತ್ತಾ ಕುಡಿಯುತ್ತಾ ಒಂದು ದಿನ, "ಈ ಕುರ್ಚಿ ನನಗೆ ಒಗ್ಗಿಬಿಟ್ಟಿದೆ" ಎಂದ. ನಮ್ಮ ಕಡೆ ಮದುವೆಗೆ ಕೇಳುವುದೆಂದರೆ ಹಾಗೆಯೇ. ಹಾಲ್ದೋರಾ, "ಕುರ್ಚಿಯ ಕಾಲು ಅಲ್ಲಾಡ್ತಿದೆ, ಮೊದ್ಲು ಅದನ್ನ ಸರಿಮಾಡು" ಎಂದಳು. ಅಂದರೆ ಒಪ್ಪಿದಳು.

ಆದರೆ ಅವಳು ಹೆಂಡತಿಯೂ ಅಲ್ಲ, ವಿಧವೆಯೂ ಅಲ್ಲ. ಏಳು ವರ್ಷ ಸುದ್ದಿ ಇಲ್ಲದವನನ್ನು ಸತ್ತವನೆಂದು ನ್ಯಾಯಾಲಯ ಹೇಳಬಹುದು, ಅದಕ್ಕೆ ಮನೆಯವರು ಯಾವ ಸುದ್ದಿಯೂ ಬಂದಿಲ್ಲವೆಂದು ಪ್ರಮಾಣ ಮಾಡಬೇಕು ಎಂದು ಪಾದ್ರಿ ತಿಳಿಸಿದರು. ಹಾಲ್ದೋರಾ ಅಣ್ಣನನ್ನು ಕರೆದುಕೊಂಡು ಪಾದ್ರಿಯ ಮನೆಗೆ ಹೋದಳು.

ಕೆತಿಲ್ ಬಹಳ ಹೊತ್ತು ಟೋಪಿಯ ಅಂಚು ತಿರುಗಿಸಿದ. "ಹೇಗೆ ಹೇಳೋದು... ದೋರಾಗೆ ನೋವಾಗುತ್ತೆ ಅಂತ ಸುಮ್ಮನಿದ್ದೆ. ಪೋರ್ಟ್ ಆರ್ಥರ್‌ನಲ್ಲಿ ಅವನನ್ನ ನೋಡಿದೋರಿದ್ದಾರೆ. ಹಡಗುಕಟ್ಟೆಯಲ್ಲಿ. ಹೋದ ವರ್ಷ."

"ಯಾರು ನೋಡಿದ್ದು?" ಎಂದಳು ಹಾಲ್ದೋರಾ.

"ಮೀನಿನ ಕಂಪನಿಯ ಒಬ್ಬ. ಹೆಸರು ಬೇಡ ಬಿಡು. ನಾನು ಬೈಬಲ್ ಮುಟ್ಟಿ ಸುಳ್ಳು ಪ್ರಮಾಣ ಮಾಡ್ಲಾರೆ, ತಂಗಿ. ಬದುಕಿರೋನನ್ನ ಸತ್ತ ಅಂತ ಹೇಗೆ ಹೇಳ್ಲಿ?"

ಪಾದ್ರಿ ಕನ್ನಡಕ ತೆಗೆದು ಒರೆಸಿದರು. ಹಾಲ್ದೋರಾಳ ಮುಖ ಕೆಂಪಾಯಿತು. ನೋವಿಗಲ್ಲ, ಅವಮಾನಕ್ಕೆ. ಪಾದ್ರಿಯ ಎದುರಿಗೆ, ಇನ್ನೊಂದು ಮದುವೆ ಕೇಳಲು ಬಂದವಳ ಮೊದಲ ಗಂಡ ಕಟ್ಟೆಯ ಮೇಲೆ ತಿರುಗಾಡುತ್ತಿದ್ದಾನೆ! ಗ್ರೀಮ್ ಇನ್ನೊಂದು ಚಳಿಗಾಲ ಕಾದ. ಆಮೇಲೆ ಉತ್ತರದ ಕಡೆ ಕೆಲಸ ಸಿಕ್ಕಿತೆಂದು ಹೋದ. ಹೋಗುವ ಮೊದಲು ಕುರ್ಚಿಯ ಕಾಲು ಸರಿಮಾಡಿದ. ಹಾಲ್ದೋರಾ ಅವತ್ತಿನಿಂದ ಐವಿಂದ್‌ಗೆ ಬೈಯುವ ಮಾತಿಗೆ ಇನ್ನೂ ಒಂದನ್ನು ಸೇರಿಸಿದಳು.

ಅಣ್ಣನ ಮೇಲೆ ಮಾತ್ರ ಅವಳ ಗೌರವ ಹೆಚ್ಚಾಯಿತು. ಇಷ್ಟು ದಿನ ಈ ಸುದ್ದಿಯನ್ನು ನನಗೋಸ್ಕರ ಹೊಟ್ಟೆಯಲ್ಲಿ ಇಟ್ಟುಕೊಂಡಿದ್ದನಲ್ಲ ಎಂದು ಓಲೋಫ್‌ಳ ಹತ್ತಿರ ಹೇಳಿಕೊಂಡಳು. ಕ್ರಿಸ್ಮಸ್ಸಿಗೆ ಅವನಿಗೆಂದೇ ಏಳು ಪದರದ, ಒಣ ಪ್ಲಮ್ ಹಣ್ಣಿನ ಕೇಕು ಮಾಡಿದಳು, ಅವನಿಗೆ ಇಷ್ಟವೆಂದು ಏಲಕ್ಕಿ ಜಾಸ್ತಿ ಹಾಕಿ.

ಇಷ್ಟೆಲ್ಲ ಆಗಿ ವರ್ಷಗಳು ಉರುಳಿದವು. ಲಿಲ್ಯಾ ದೊಡ್ಡವಳಾಗಿ ಗಿಮ್ಲಿ ಪೇಟೆಯ ಟೆಲಿಫೋನ್ ಕಚೇರಿಗೆ ಸೇರಿದಳು. ಹತ್ತಿಯ ಬಲೆ ಹೋಗಿ ನೈಲಾನ್ ಬಲೆ ಬಂತು. ಕೆತಿಲ್‌ಗೆ ಎರಡು ದೋಣಿಯಾಯಿತು, ಚರ್ಚಿನಲ್ಲಿ ಮುಂದಿನ ಸಾಲಿನ ಬೆಂಚಾಯಿತು. ೧೯೬೯ರ ಬೇಸಿಗೆಯಲ್ಲಿ ಸರ್ಕಾರದವರು ನೀರಿನ ಆಳ ಅಳೆಯಲು ಒಂದು ಬಿಳಿ ದೋಣಿ ಕಳಿಸಿದರು. ಹೊಸ ನಕ್ಷೆ ಮಾಡುತ್ತಾರಂತೆ ಎಂದರು. ಕಾಗೆ ದ್ವೀಪದ ಆಚೆ, ನೆಲ ಸಪಾಟಾಗಿರಬೇಕಾದ ಕಡೆ ಅವರಿಗೆ ಒಂದು ಗುಡ್ಡೆ ಸಿಕ್ಕಿತು. ಮುಳುಗುಗಾರನೊಬ್ಬ ಇಳಿದ. ಕಣ್ಣಿಗೆ ಕಾಣದ ಆ ನೀರಿನಲ್ಲಿ ಕೈಯಿಂದ ತಡವಿ ತಡವಿ, ಇದು ದೋಣಿ ಎಂದು ಹೇಳಿದ. ಪೊಲೀಸರು ಬಂದರು. ಚುಕ್ಕಾಣಿಯ ಕೋಣೆಯ ಒಳಗೆ ಹೂಳಿನಲ್ಲಿ ಒಬ್ಬ ಮನುಷ್ಯನ ಮೂಳೆಗಳಿದ್ದವು.

ಸುದ್ದಿ ತಂದವಳು ಓಲೋಫ್. ಏದುಸಿರು ಬಿಡುತ್ತಾ ಬಂದಳು. "ದೋರಾ, ಏಳು. ಕಟ್ಟೆ ಹತ್ರ ಬಾ. ಸ್ವಾಲಾ ಸಿಕ್ಕಿದೆ."

"ಯಾವ ಸ್ವಾಲಾ?" ಎಂದಳು ಹಾಲ್ದೋರಾ. ಕೈಯಲ್ಲಿ ಸೂಜಿ ಹಾಗೇ ಇತ್ತು.

"ನಿನ್ನ ಗಂಡಂದು ಕಣೇ! ಅವನು ಅದರೊಳಗೇ ಇದ್ದ. ಅವತ್ತಿಂದ ಅಲ್ಲೇ ಇದ್ದ."

ಕಟ್ಟೆಗೆ ಹೋಗುವ ದಾರಿಯಲ್ಲಿ ಹಾಲ್ದೋರಾಳ ಮನಸ್ಸಿನಲ್ಲಿ ಇದ್ದದ್ದು ಒಂದೇ: ಅವನು ಬಿಟ್ಟು ಹೋಗಲಿಲ್ಲ. ಬಿಟ್ಟು ಹೋಗಲಿಲ್ಲ. ಮನೆಗೆ ಬರುತ್ತಿದ್ದ. ಎದೆಯೊಳಗೆ ಏನೋ ಬಿಚ್ಚಿಕೊಂಡಂತಾಗಿ, ದಾರಿಯ ಮಧ್ಯೆ ನಿಂತು ಓಲೋಫ್‌ಳ ತೋಳು ಹಿಡಿದುಕೊಂಡಳು. ಅವಳಿಗೆ ಸಂತೋಷವಾಗಿತ್ತು. ಅರವತ್ತರ ಹೆಂಗಸು, ಗಂಡನ ಮೂಳೆ ಸಿಕ್ಕಿತೆಂದು ಸಂತೋಷಪಟ್ಟಳು. ಆ ಸಂತೋಷ ಕಟ್ಟೆ ತಲುಪುವವರೆಗೆ ಮಾತ್ರ ಇತ್ತು.

ಕಟ್ಟೆಯ ಮೇಲೆ ಪೊಲೀಸರು ಹೆಸರಿನ ಹಲಗೆ ಇಟ್ಟಿದ್ದರು. ಪಕ್ಕದಲ್ಲಿ ಒಂದು ಆಳೆತ್ತರದ ರಾಶಿ. "ದೋಣಿಗೆ ಬಲೆ ಸುತ್ತಿಕೊಂಡಿತ್ತು," ಎಂದು ಪೊಲೀಸಿನವನು ಹೇಳಿದ, "ಒಂದಲ್ಲ, ಒಂದರ ಮೇಲೊಂದು. ಕೆಳಗಿನವು ಕೊಳೆತ ಹತ್ತಿ, ಮೇಲಿನವು ನೈಲಾನ್. ಕತ್ತರಿಸಿ ತೆಗೆಯೋದೇ ನಮಗೆ ದೊಡ್ಡ ಕೆಲಸವಾಯ್ತು."

ಹಾಲ್ದೋರಾ ರಾಶಿಯ ಹತ್ತಿರ ಹೋದಳು. ಒಂದು ಬೆಂಡು ಎತ್ತಿದಳು. ಗಂಟು ಎಡಕ್ಕೆ ಸುತ್ತಿತ್ತು. ಇನ್ನೊಂದು ಎತ್ತಿದಳು. ಅದೂ ಎಡಕ್ಕೆ. ರಾಶಿಯ ಬುಡದಲ್ಲಿ ಕೈಹಾಕಿ, ಕಪ್ಪಗೆ ಹೂಳು ಹಿಡಿದ ಹಳೆಯ ಸೀಡರ್ ಮರದ ಬೆಂಡೊಂದನ್ನು ಎಳೆದು ಸೊಂಟಕ್ಕೆ ಕಟ್ಟಿದ್ದ ಏಪ್ರನ್ನಿಗೆ ಒರೆಸಿದಳು. ಮೂರು ಗೀಟು. ಮೇಲಿನ ನೈಲಾನ್ ಬಲೆಯ ತುದಿಯ ಬೆಂಡು ನೋಡಿದಳು. ಮೂರು ಗೀಟು, ಹೋದ ವರ್ಷ ಅವಳೇ ಸುಟ್ಟದ್ದು, ಇನ್ನೂ ಸುಟ್ಟ ಕಪ್ಪು ಹೋಗಿರಲಿಲ್ಲ.

ಕಟ್ಟೆಯ ಮೇಲೆ ಊರಿನ ಗಂಡಸರೆಲ್ಲ ನಿಂತಿದ್ದರು. ಎಲ್ಲರಿಗೂ ಆ ಗುರುತು ಗೊತ್ತು. ಒಬ್ಬನೂ ತುಟಿ ಬಿಚ್ಚಲಿಲ್ಲ. ಕೊನೆಗೆ ಓಲೋಫ್, "ಗಾಳಿಗೆ ಬಲೆ ಎಲ್ಲಿಂದೆಲ್ಲಿಗೋ ಹೋಗುತ್ತೆ ಕಣೇ" ಎಂದು ಮೆಲ್ಲಗೆ ಹೇಳಿದಳು.

"ಹೋಗುತ್ತೆ," ಎಂದಳು ಹಾಲ್ದೋರಾ. "ಪ್ರತಿ ವರ್ಷ ಒಂದೇ ಜಾಗಕ್ಕೆ ಹೋಗಲ್ಲ."

ಕೆತಿಲ್ ಕಟ್ಟೆಗೆ ಬಂದಿರಲಿಲ್ಲ. ಅವನು ತನ್ನ ದೋಣಿಮನೆಯಲ್ಲಿ ಎಂಜಿನ್ನಿಗೆ ಎಣ್ಣೆ ಹಾಕುತ್ತಾ ಕೂತಿದ್ದ. ಅವಳು ಬಾಗಿಲಲ್ಲಿ ನಿಂತಾಗ ತಲೆ ಎತ್ತಲಿಲ್ಲ, ಎಣ್ಣೆಯ ಡಬ್ಬಿಯನ್ನು ಮಾತ್ರ ಕೆಳಗಿಟ್ಟ.

"ಯಾವಾಗ ಗೊತ್ತಾಯ್ತು?" ಎಂದು ಅವಳು ಕೇಳಿದಳು.

"ಎರಡನೇ ಬೇಸಿಗೆ." ಅವನ ದನಿ ಸಾದಾ ಇತ್ತು, ಬಹಳ ದಿನದಿಂದ ಇದನ್ನೇ ಕಾಯುತ್ತಿದ್ದವನಂತೆ. "ಬಲೆ ಸಿಕ್ಕಿಹಾಕ್ಕೊಂಡಿತು. ಎಳೆದೆ, ಒಂದು ಹಲಗೆ ಬಂತು. ಹಸಿರು. ಆ ಬಣ್ಣ ಬಳಿದೋನು ನಾನೇ ಅಲ್ವಾ."

"ಅವನು ಒಳಗಿದ್ದಾನೆ ಅಂತ ಗೊತ್ತಿತ್ತಾ?"

"ಇನ್ನೆಲ್ಲಿರ್ತಾನೆ?"

ಹಾಲ್ದೋರಾ ಬಾಗಿಲ ಚೌಕಟ್ಟು ಹಿಡಿದುಕೊಂಡಳು.

"ಬಲೆ ತುಂಬ ಮೀನಿತ್ತು, ದೋರಾ. ಅಷ್ಟು ಮೀನು ನಾನು ಹುಟ್ಟಿದಾಗಿನಿಂದ ನೋಡಿರ್ಲಿಲ್ಲ. ಮುಳುಗಿದ ದೋಣಿ ಸುತ್ತ ಪಿಕ್ಕರೆಲ್ ಗುಂಪು ಕಟ್ಟುತ್ತೆ, ನಿನಗೂ ಗೊತ್ತು. ಹೇಳಿದ್ರೆ ಅವನನ್ನ ತೆಗೆಯೋಕೆ ಊರಿನ ದೋಣಿ ಎಲ್ಲಾ ಅಲ್ಲಿಗೇ ಬರ್ತಿದ್ವು. ಜಾಗ ಹೋಗ್ತಿತ್ತು. ಆಗ ಎಂಥ ಕಾಲ ಅಂತ ನೆನಪಿದೆಯಾ? ನನ್ನ ಮಕ್ಕಳು, ನಿನ್ನ ಮಗು... ಸತ್ತೋನಿಗೆ ಏನಾಗಬೇಕಿತ್ತು? ನಿನ್ನ ಹೊಟ್ಟೆ ತುಂಬಿಸಿದ್ದೂ ಅದೇ ಜಾಗ."

"ನಾನು ಕೇಳಿದ್ನಾ?" ಎಂದಳು ಅವಳು. "ಸಿಪ್ಪೆ ಗಂಜಿ ಕುಡೀತಿದ್ದೆ ಕಣೋ. ಗಂಡ ಸತ್ತ ಅಂತ ಅತ್ತುಬಿಟ್ಟು ಸಿಪ್ಪೆ ಗಂಜಿ ಕುಡೀತಿದ್ದೆ. ಅವನ ತಲೆ ಮೇಲೆ ಮೇಯ್ದ ಮೀನು ತಿನ್ನಿಸಿದೆಯಲ್ಲ ನನಗೆ!"

ಕೆತಿಲ್ ಚಿಂದಿಬಟ್ಟೆಗೆ ಕೈಯ ಎಣ್ಣೆ ಒರೆಸಿಕೊಂಡ.

"ಯುದ್ಧ ಮುಗೀತು, ನಿನಗೆ ಎರಡು ದೋಣಿ ಆಯ್ತು. ಆಗಾದ್ರೂ ಹೇಳಬಹುದಿತ್ತು."

"ಆಗ ಹೇಗೆ ಹೇಳ್ಲಿ? ಯಾಕೆ ಮೊದ್ಲೇ ಹೇಳ್ಲಿಲ್ಲ ಅಂತ ಕೇಳ್ತಿದ್ದೆ."

ಇದರಷ್ಟು ನಿಜವಾದ ಮಾತನ್ನು ಅವನು ಆ ಮೂವತ್ತೈದು ವರ್ಷಗಳಲ್ಲಿ ಆಡಿರಲಿಲ್ಲ. ಬೇಲಿಯೇ ಎದ್ದು ಹೊಲ ಮೇಯುವುದು ಹಸಿವಿಗೆ, ಆಮೇಲೂ ಮೇಯುತ್ತಲೇ ಇರುವುದು ಸಿಕ್ಕಿಬೀಳುವ ಹೆದರಿಕೆಗೆ.

"ಪೋರ್ಟ್ ಆರ್ಥರ್?" ಎಂದಳು.

"ನ್ಯಾಯಾಲಯಕ್ಕೆ ಹೋದ್ರೆ ನೀರಲ್ಲಿ ಹುಡುಕಿಸ್ತಾರೆ ಅಂತ ಯಾರೋ ಹೇಳಿದ್ರು. ಹೆದರಿಕೆ ಆಯ್ತು."

"ಪಾದ್ರಿ ಎದುರಿಗೆ ಬೈಬಲ್ ಮುಟ್ಟಿ ಸುಳ್ಳು ಹೇಳಲಾರೆ ಅಂದೆ. ನಾನು ನಿನಗೆ ಕೇಕು ಮಾಡಿಕೊಟ್ಟೆ!"

ಅವಳಿಗೆ ನಗು ಬಂತು, ಆ ನಗು ಅರ್ಧಕ್ಕೇ ಮುರಿದು ಬಿತ್ತು. ಅವಳು ಹೋಗಲು ತಿರುಗಿದಾಗ ಕೆತಿಲ್ ಹಿಂದಿನಿಂದ, "ನನ್ನ ಕನಸಿಗೆ ಬರ್ತಿದ್ದ" ಎಂದ.

ಹಾಲ್ದೋರಾ ನಿಂತಳು.

"ಆ ಬೇಸಿಗೆಯಿಂದ. ತೊಯ್ದ ಬಟ್ಟೆಯಲ್ಲಿ. ಬಾಗಿಲ ಹತ್ರ ನಿಲ್ತಿದ್ದ. ಏನೂ ಹೇಳ್ತಿರ್ಲಿಲ್ಲ, ನೀರು ತೊಟ್ಟಿಕ್ತಿತ್ತು, ಅಷ್ಟೇ. ನಿನಗೂ ಬಂದಿದ್ನಾ ಅಂತ ಆಮೇಲೆಲ್ಲ ಅದಕ್ಕೇ ಕೇಳ್ತಿದ್ದೆ."

ಅಣ್ಣ ಇಷ್ಟು ಹೊತ್ತು ಹೇಳಿದ ಯಾವ ಮಾತೂ ಅವಳಿಗೆ ಹೀಗೆ ಚುಚ್ಚಿರಲಿಲ್ಲ. ಅವಳು ಬಾಯಿಬಿಟ್ಟು ಕರೆದದ್ದು, ದಿಂಬು ಒದ್ದೆಮಾಡಿ ಕಾದದ್ದು, ಅದೆಲ್ಲ ಇವನ ಮನೆಯ ಬಾಗಿಲಲ್ಲಿ ಹೋಗಿ ನಿಂತಿತ್ತೇ? ಬಂದವನಾದರೂ ಎಲ್ಲಿಗೆ ಬಂದ? ಗೊತ್ತಿದ್ದವನ ಹತ್ತಿರವೇ ಬಂದ. ಗೊತ್ತಿಲ್ಲದವಳನ್ನು ಬೈಯಲು ಬಿಟ್ಟ. ಅವಳಿಗೆ ಸತ್ತ ಗಂಡನ ಮೇಲೂ ಒಂದು ಗಳಿಗೆ ಕೋಪ ಉಕ್ಕಿತು. ಮರುಗಳಿಗೆಗೇ ಆ ಕೋಪಕ್ಕೆ ನಾಚಿಕೆಯಾಯಿತು. ಅವನಿಗೆ ಬೈದ ಬೈಗುಳ ಎಷ್ಟು ಬೆಳಗಿನದು! ಅದನ್ನು ಈಗ ಯಾರ ಹತ್ತಿರ ವಾಪಸು ತೆಗೆದುಕೊಳ್ಳುವುದು?

"ದೋರಾ," ಎಂದ ಕೆತಿಲ್, "ಊರಿಗೆ ಹೇಳಬೇಡ. ಬಲೆ ನೋಡಿದೋರು ಏನಾದ್ರೂ ಅಂದುಕೊಳ್ಳಲಿ, ನೀನು ಮಾತ್ರ ಬಾಯಿಬಿಡಬೇಡ. ನೀನು ಹೇಳ್ಲಿಲ್ಲ ಅಂದ್ರೆ ಅವರೂ ಹೇಳಲ್ಲ. ಮಕ್ಕಳಿಗೆ ಗೊತ್ತಾಗೋದು ಬೇಡ."

ಅವಳು ಉತ್ತರ ಕೊಡದೆ ಹೋದಳು. ಅವನು ಆ ಮೌನವನ್ನು ಒಪ್ಪಿಗೆ ಎಂದು ತಿಳಿದ. ಅಷ್ಟು ವರ್ಷ ಅವಳ ಮನೆಯಲ್ಲಿ ಕಾಫಿ ಕುಡಿದರೂ ತಂಗಿಯನ್ನು ಅವನು ಸರಿಯಾಗಿ ತಿಳಿದಿರಲಿಲ್ಲ.

ಮಣ್ಣು ಮಾಡುವ ದಿನ ಇಡೀ ಸಂದ್ವಿಕ್ ಚರ್ಚಿಗೆ ಬಂದಿತ್ತು. ಐವಿಂದ್ ಹುಡುಗಿಯ ಜೊತೆ ಓಡಿಹೋದ ಎಂದು ಮೊದಲು ಹೇಳಿದವರು ಮೊದಲ ಬೆಂಚುಗಳಲ್ಲೇ ಕೂತು ಮೂಗು ಸೀಟುತ್ತಿದ್ದರು. ಆ ಹೋಟೆಲಿನ ಹುಡುಗಿ, ಪಾಪ, ತನ್ನ ತಾಯಿಗೆ ಕಾಯಿಲೆಯೆಂದು ಊರಿಗೆ ಹೋಗಿದ್ದಳಂತೆ, ಅದನ್ನು ಈಗ ನೆನಪಿಸಿಕೊಂಡವರೂ ಇದ್ದರು. ಗಿಮ್ಲಿಯಿಂದ ಬಂದ ಲಿಲ್ಯಾ ಅಮ್ಮನ ಪಕ್ಕದಲ್ಲಿ ನೆಟ್ಟಗೆ ಕೂತಿದ್ದಳು. ತನಗೆ ಒಬ್ಬ ಅಪ್ಪ ಇದ್ದ, ಅವನು ತನ್ನನ್ನು ಬಿಟ್ಟು ಹೋಗಿರಲಿಲ್ಲ ಎಂಬುದು ಮೂವತ್ತನಾಲ್ಕನೆಯ ವಯಸ್ಸಿನಲ್ಲಿ ಗೊತ್ತಾದರೆ ಅಳಬೇಕೋ ನಗಬೇಕೋ ಅವಳಿಗೂ ತಿಳಿದಿರಲಿಲ್ಲ. ಮಾವ ಕೆತಿಲ್‌ನ ಬಗ್ಗೆ ಅಮ್ಮ ಅವಳಿಗೆ ಇನ್ನೂ ಏನೂ ಹೇಳಿರಲಿಲ್ಲ.

ಪ್ರಾರ್ಥನೆ ಮುಗಿದ ಮೇಲೆ ಹೆಣದ ಪೆಟ್ಟಿಗೆಯನ್ನು ಹತ್ತಿರದವರೇ ಹೊರಬೇಕು. ಗಂಡುಮಕ್ಕಳಿಲ್ಲದ ಮನೆಯಲ್ಲಿ ತಲೆಯ ಕಡೆಯ ಹಿಡಿಕೆ ಹೆಂಡತಿಯ ಅಣ್ಣನಿಗೆ. ಊರೆಲ್ಲ 'ಈಗೇನಾಗುತ್ತದೆ' ಎಂದು ನೋಡುತ್ತಿತ್ತು, ನೋಡದವರಂತೆ ಹಾಡಿನ ಪುಸ್ತಕ ಮುಚ್ಚಿ ತೆರೆದು ಮಾಡುತ್ತಿತ್ತು. ಕೆತಿಲ್ ಕಪ್ಪು ಕೋಟು ಹಾಕಿಕೊಂಡು ಮುಂದೆ ಬಂದ. ಬಗ್ಗಿ ಹಿಡಿಕೆಗೆ ಕೈಹಾಕಿದ.

"ಕೈ ತೆಗಿ" ಎಂದಳು ಹಾಲ್ದೋರಾ.

ಅವಳು ಜೋರಾಗಿ ಹೇಳಲಿಲ್ಲ. ಆದರೂ ಚರ್ಚಿನ ಕೊನೆಯ ಬೆಂಚಿಗೂ ಕೇಳಿಸಿತು.

"ದೋರಾ, ಇಲ್ಲಿ ಬೇಡ," ಎಂದು ಕೆತಿಲ್ ಪಿಸುಗುಟ್ಟಿದ.

"ಇಲ್ಲೇ. ಇವನು ಎಲ್ಲಿದ್ದಾನೆ ಅಂತ ನಿನಗೆ ಎರಡನೇ ಬೇಸಿಗೆಯಿಂದ ಗೊತ್ತಿತ್ತು. ಅವನ ಮೇಲೆ ಬಲೆ ಹಾಕ್ಕೊಂಡು ಬದುಕಿದೆ, ಅವನು ಓಡಿಹೋದ ಅಂತ ನನಗೆ ನಂಬಿಸಿದೆ. ಆಗ ಎತ್ತಲಿಲ್ಲ. ಈಗ ಎತ್ತಬೇಡ."

ಕೆತಿಲ್ ಸುತ್ತ ನೋಡಿದ. ಅವನ ಹೆಂಡತಿ ತಲೆ ತಗ್ಗಿಸಿದ್ದಳು. ಅವನ ಮಕ್ಕಳು ಅಪ್ಪನ ಮುಖವನ್ನೇ ನೋಡುತ್ತಿದ್ದರು. ಹಿಡಿಕೆ ಬಿಟ್ಟು ಅವನು ಗೋಡೆಯ ಕಡೆಗೆ ಸರಿದ, ಜನರೂ ಅವನಿಂದ ಸ್ವಲ್ಪ ಸ್ವಲ್ಪ ಸರಿದರು.

ಹಾಲ್ದೋರಾ ಮಗಳಿಗೆ ಸನ್ನೆ ಮಾಡಿದಳು. ತಲೆಯ ಕಡೆ ಒಂದು ಹಿಡಿಕೆ ತಾಯಿ ಹಿಡಿದಳು, ಇನ್ನೊಂದು ಮಗಳು. ಉಳಿದವನ್ನು ನಾಲ್ಕು ಜನ ಮೀನುಗಾರರು ಹಿಡಿದರು. ಲಿಲ್ಯಾ ಒಬ್ಬ ಗಂಡಸಿನ ಭಾರಕ್ಕೆ ಸಿದ್ಧಳಾಗಿ ಕಾಲು ಊರಿ, ಉಸಿರು ಬಿಗಿಹಿಡಿದು ಎತ್ತಿದಳು. ಪೆಟ್ಟಿಗೆ ಒಮ್ಮೆಗೇ ಮೇಲೆ ಬಂದುಬಿಟ್ಟಿತು, ಒಳಗೆ ಏನೋ ಸಣ್ಣಗೆ ಉರುಳಿ ಹಲಗೆಗೆ ತಾಗಿತು. ಅವಳ ಮುಖ ಬಿಳಿಚಿತು.

"ಅಮ್ಮಾ," ಎಂದಳು, "ಅಪ್ಪ ಇಷ್ಟೇನಾ?"

"ಇಷ್ಟೇ ಮಗಾ," ಎಂದಳು ಹಾಲ್ದೋರಾ. "ನಿನ್ನ ಮಾವ ನಮಗೆ ಉಳಿಸಿಕೊಟ್ಟಿದ್ದು ಇಷ್ಟೇ."